ಹೆಸರು ಕೊರೆದ ತಟ್ಟೆ

ದಿಶಾ ತಟ್ಟೆ ಒರೆಸುತ್ತಿದ್ದಳು. ಹಳೆಯ ಬೈರಾಸಿನ ತುಂಡಿನಿಂದ ಒಂದೊಂದನ್ನೂ ಎರಡೂ ಬದಿ ಒರೆಸಿ, ಕಿಟಕಿಯ ಬೆಳಕಿಗೆ ಹಿಡಿದು ನೋಡಿ, ಸದ್ದಾಗದಂತೆ ನೆಲದ ಮೇಲೆ ಸಾಲಾಗಿ ಇಡುತ್ತಿದ್ದಳು. ಹೊರಗೆ ಡೊಂಬಿವಲಿಯ ಮಳೆ ಎಡೆಬಿಡದೆ ಹೊಯ್ಯುತ್ತಿತ್ತು. ಒಳಗೆ ಯಾರೂ ಬಾಯಿ ಬಿಡುತ್ತಿರಲಿಲ್ಲ. ಕರಾವಳಿಯವರ ಆಷಾಢವಾದ ಆಟಿ ತಿಂಗಳ ಭಾನುವಾರಗಳಂದು, ಮೂಲೆಯ ಎಲೆಗೆ ಬಡಿಸಿ ಮುಗಿಯುವವರೆಗೆ ಆ ಮನೆಯಲ್ಲಿ ಮಾತಿಲ್ಲ.

ನಾಲ್ಕೂ ತಟ್ಟೆಗಳ ಅಂಚಿನಲ್ಲಿ ಹೆಸರು ಕೊರೆದಿತ್ತು. ಅಪ್ಪ ಲೀಲಾಧರ, ಚಿಕ್ಕಪ್ಪ ಯೋಗೀಶ್, ಅಮ್ಮ ಸುಗಂಧಿ, ಆಮೇಲೆ ದಿಶಾ. ಅವಳಿಗೆ ಆರು ತುಂಬಿದಾಗ ಸ್ಟೇಷನ್ ರಸ್ತೆಯ ಪಾತ್ರೆ ಅಂಗಡಿಯಲ್ಲಿ ಕೊರೆಸಿದ್ದು. ಅಂಗಡಿಯವನಿಗೆ ಕನ್ನಡ ಬಾರದು. ಅಪ್ಪ ಕಾಗದದ ಮೇಲೆ ಬರೆದುಕೊಟ್ಟದ್ದನ್ನು ಅವನು ಚಿತ್ರ ನೋಡಿ ಚಿತ್ರ ಬಿಡಿಸಿದ ಹಾಗೆ ಕೊರೆದಿದ್ದ. ಅವಳ ಹೆಸರಿನ ಎರಡನೇ ಅಕ್ಷರ ಸೊಂಟ ಮುರಿದ ಹಾಗೆ ಒಂದು ಕಡೆ ವಾಲಿತ್ತು. ಕತ್ತಲಲ್ಲಿ ಬೆರಳಾಡಿಸಿದರೂ ಅದು ತನ್ನ ತಟ್ಟೆ ಎಂದು ಅವಳಿಗೆ ಗೊತ್ತಾಗುತ್ತಿತ್ತು.

ಬಾಲ್ಕನಿಯ ಬಾಗಿಲ ಪಕ್ಕ, ಮೂಲೆಯಲ್ಲಿ, ಒಂದು ಬಾಳೆಲೆ. ಅಮ್ಮ ಅದರ ಮುಂದೆ ಕುಕ್ಕರಗಾಲಲ್ಲಿ ಕೂತು ಬಡಿಸುತ್ತಿದ್ದಳು. ಮೊದಲು ಒಂದು ಹನಿ ಪಾಯಸ, ಆಮೇಲೆ ಪತ್ರೊಡೆ, ಆಮೇಲೆ ಅನ್ನ. ಬಡಿಸುವಾಗ ಅಮ್ಮನ ಮುಖವೇ ಬೇರೆಯಾಗುತ್ತಿತ್ತು. ಹುಬ್ಬಿನ ಗಂಟು ಬಿಚ್ಚಿ, ತುಟಿ ಸಡಿಲವಾಗಿ, ಯಾರೋ ಅಲ್ಲಿ ಕೂತು ತನ್ನನ್ನು ನೋಡುತ್ತಿದ್ದಾರೆ ಎಂಬಂತೆ ಅವಳು ಆ ಖಾಲಿ ಜಾಗವನ್ನು ನೋಡುತ್ತಿದ್ದಳು. ದಿಶಾ ಆ ಮುಖವನ್ನು ಬಾಗಿಲ ಸಂದಿಯಿಂದ ನೋಡುತ್ತಲೇ ಬೆಳೆದವಳು. ತನ್ನ ಕಡೆ ತಿರುಗುವಷ್ಟರಲ್ಲಿ ಅದು ಮತ್ತೆ ಹಳೆಯ ಮುಖವಾಗಿರುತ್ತಿತ್ತು.

ಎಲೆ ಮೋಹಿನಿಯದು. ಮೋಹಿನಿ ಎಂದರೆ ದಿಶಾಳ ಅಕ್ಕ. ಠಾಕುರ್ಲಿಯ ಚಾಳಿನ ಒಂಟಿ ಕೋಣೆಯಲ್ಲಿ ಹುಟ್ಟಿ, ಹಲ್ಲು ಬರುವ ಮೊದಲೇ ಜ್ವರದಲ್ಲಿ ಹೋದವಳು. ದಿಶಾ ಹುಟ್ಟಿದ್ದು ಅದಾದ ಮೇಲೆ. ಕರಾವಳಿಯ ಅವರ ಕುಟುಂಬದಲ್ಲಿ ಸತ್ತ ಮಕ್ಕಳೂ ಬೆಳೆಯುತ್ತಾರೆ. ಬದುಕಿದವರ ಜೊತೆಜೊತೆಗೇ ವಯಸ್ಸಿಗೆ ಬರುತ್ತಾರೆ. ಬಂದಾಗ ಅವರಂತೆಯೇ ಸತ್ತ ಇನ್ನೊಂದು ಮನೆಯ ಗಂಡನ್ನು ನೋಡಿ, ಆಟಿ ತಿಂಗಳಲ್ಲಿ ಮದುವೆ ಮಾಡಿ ಕಳಿಸಿಕೊಡಬೇಕು. ಅದಕ್ಕೆ ಕುಲೆ ಮದುವೆ ಅನ್ನುತ್ತಾರೆ. ದಿಶಾಳನ್ನು ನೋಡಲು ಬಂದ ಎರಡು ಸಂಬಂಧಗಳು ಕಾಫಿ ಕುಡಿದು ಎದ್ದು ಹೋದ ಮೇಲೆ ಅಮ್ಮ ಹಟ ಹಿಡಿದಿದ್ದಳು.

"ದೊಡ್ಡವಳು ಮನೆಯಲ್ಲೇ ಇದ್ದಾಳೆ. ಚಿಕ್ಕವಳಿಗೆ ಹೇಗೆ ಕೂಡಿಬರ್ತದೆ?"

"ಇದು ಊರಲ್ಲ ಮಾರಾಯ್ತಿ," ಎನ್ನುತ್ತಿದ್ದ ಅಪ್ಪ. "ಸತ್ತವರಿಗೆ ಮದುವೆ ಮಾಡ್ತಾರಂತೆ ಅಂತ ಸೊಸೈಟಿಯವರು ವಾಟ್ಸಾಪಲ್ಲಿ ಹಾಕ್ತಾರೆ. ನಾನು ಲಿಫ್ಟಲ್ಲಿ ಮುಖ ಎಲ್ಲಿ ಇಡುವುದು?"

ಅಲ್ಲಿಗೆ ಆ ಮಾತು ನಿಂತಿತ್ತು.

ಎಲೆಗೆ ಬಡಿಸಿ ಆಯಿತು. ಅಮ್ಮ ಎದ್ದಳು. ಮಾತಿಗೆ ಅನುಮತಿ ಸಿಕ್ಕಿದ್ದೇ ತಡ, ಚಿಕ್ಕಪ್ಪ ಯೋಗೀಶ್ ತನ್ನ ತಟ್ಟೆ ಎಳೆದುಕೊಂಡು ಶುರು ಮಾಡಿದ.

"ಅತ್ತಿಗೆ, ಪಾರ್ಟ್ ಟೂ ಪಕ್ಕಾ ಆಯ್ತು. ಮುಂದಿನ ಸಂಡೇ ಕ್ಲೈಮ್ಯಾಕ್ಸ್ ಶೂಟ್."

ಯೋಗೀಶ್ ರಬಾಳೆಯ ಕಾರ್ಖಾನೆಗಳ ನಡುವೆ ಅಣ್ಣ ನಡೆಸುವ ಕ್ಯಾಂಟೀನಿನಲ್ಲಿ ಡಬ್ಬಿ ಸಾಗಿಸುವ ಕೆಲಸ ನೋಡಿಕೊಳ್ಳುತ್ತಿದ್ದ. ಉಳಿದ ಹೊತ್ತೆಲ್ಲ ಸಿನಿಮಾ. ಹೋದ ವರ್ಷ ಗೆಳೆಯರನ್ನು ಕಟ್ಟಿಕೊಂಡು 'ಲಾಸ್ಟ್ ಲೋಕಲ್ ಲಲಿತಾ' ಎಂಬ ದೆವ್ವದ ಕಾಮಿಡಿ ತೆಗೆದಿದ್ದ. ಕೊನೆಯ ಲೋಕಲ್ಲಿನಲ್ಲಿ ಓಡಾಡುವ ಹೆಣ್ಣು ದೆವ್ವ ಲಲಿತಾ. ಹೆಂಗಸರ ಡಬ್ಬಿ ಹತ್ತಿದ ಗಂಡಸರ ಕೊರಳಿಗೆ ಕೂದಲು ಸುತ್ತಿ ಕಲ್ಯಾಣದವರೆಗೆ ಹಾಡು ಹಾಡಿಸುತ್ತಾಳೆ. ಅರ್ಧ ಕನ್ನಡ, ಕಾಲು ಮರಾಠಿ, ಕಾಲು ಕಿರುಚಾಟ. ಕನ್ನಡ ಸಂಘದ ಹಾಲಿನಲ್ಲಿ ಜನ ಕುರ್ಚಿ ಬಡಿದು ನಕ್ಕಿದ್ದರು. ಆಮೇಲೆ ಅದು ಫೋನಿನಿಂದ ಫೋನಿಗೆ ಹರಿದು ಠಾಣೆ ದಾಟಿ ಹೋಗಿತ್ತು.

"ಈ ಸಲ ಬರೇ ಹೆದರಿಸುವುದಿಲ್ಲ," ಎಂದ ಯೋಗೀಶ್. "ಈ ಸಲ ಫ್ಯಾಮಿಲಿ. ತಾನು ಯಾರ ಮಗಳು ಅಂತ ಲಲಿತಾಗೆ ಗೊತ್ತಿಲ್ಲ. ಮನೆ ಮನೆ ಹುಡುಕಿಕೊಂಡು ಹೋಗ್ತಾಳೆ. ಲಾಸ್ಟಲ್ಲಿ ಅವಳ ಅಸಲಿ ಮನೆಯವರು ಸಿಕ್ಕಿ, ಅವಳಿಗೆ ಮದುವೆ ಮಾಡಿ ಕಳಿಸ್ತಾರೆ. ಕುಲೆ ಮದುವೆ! ನಮ್ಮ ಕಡೆಯದ್ದು. ಬೇರೆ ಯಾರೂ ತೋರಿಸಿಲ್ಲ. ಪಬ್ಲಿಕ್ ನಗುವುದಾ ಅಳುವುದಾ ಗೊತ್ತಾಗದೆ ಕೂತ್ಕೊಳ್ತದೆ."

ಅಮ್ಮನ ಕೈಯಲ್ಲಿದ್ದ ಸೌಟು ಅಲ್ಲೇ ನಿಂತಿತು. "ಮದುವೆ ಮಾಡಿಸುವವರು ಯಾರು?"

"ನಮ್ಮ ದೇವದಾಸಣ್ಣ. ಊರಲ್ಲಿ ಅವರ ಅಜ್ಜ ಮಾಡಿಸ್ತಿದ್ರಂತೆ. ಎಲ್ಲ ಬಾಯಿಪಾಠ ಉಂಟು."

ದೇವದಾಸ್ ಕ್ಯಾಂಟೀನಿನ ಗಲ್ಲಾದಲ್ಲಿ ಕೂರುವವರು. ಕಲ್ಯಾಣದಲ್ಲಿ ಮನೆ. ಒಬ್ಬನೇ ಮಗ ಧರ್ಮಪಾಲ ಕಾಲೇಜಿಗೆ ಹೋಗುವಾಗ ಠಾಕುರ್ಲಿಯ ತಿರುವಿನಲ್ಲಿ ತುಂಬಿದ ಲೋಕಲ್ಲಿನಿಂದ ಜಾರಿ ಬಿದ್ದು ಸತ್ತಿದ್ದ. ಲಲಿತಾಳ ಸಿನಿಮಾಕ್ಕೆ ಊರೆಲ್ಲ ನಕ್ಕರೂ ದೇವದಾಸ್ ನಕ್ಕಿರಲಿಲ್ಲ. ದಿಶಾ ಅದನ್ನು ಗಮನಿಸಿದ್ದಳು. ಅಮ್ಮ ಈಗ ಮತ್ತೇನೂ ಕೇಳದೆ ಸಾರು ಬಡಿಸಿದ್ದನ್ನೂ ಗಮನಿಸಿದಳು.

"ಲಲಿತಾ ಯಾರು ಮಾಡುವುದು?" ಅಪ್ಪ ಕೇಳಿದ. "ಆ ಡಾನ್ಸಿನ ಹುಡುಗಿಗೆ ಸೀರಿಯಲ್ ಸಿಕ್ತಂತಲ್ಲ?"

ಯೋಗೀಶ್ ಉಪ್ಪಿನಕಾಯಿ ನೆಕ್ಕುತ್ತ ದಿಶಾಳ ಕಡೆ ಬೆರಳು ಮಾಡಿದ.

ದಿಶಾ ಕಲಸುತ್ತಿದ್ದ ಅನ್ನವನ್ನು ತಟ್ಟೆಯ ಅಂಚಿಗೆ ಸರಿಸಿದಳು.

ಅವಳು ಒಂಬತ್ತನೇ ತರಗತಿಗೆ ಶಾಲೆ ಬಿಟ್ಟವಳು. ದಡ್ಡಿ ಎಂದಲ್ಲ. ಹಾಜರಿ ಕರೆಯುವಾಗ ಅವಳ ಬಾಯಿಂದ ಸ್ವರವೇ ಹೊರಡುತ್ತಿರಲಿಲ್ಲ. ಎದುರಿಗೇ ಕೂತಿದ್ದರೂ ಟೀಚರು ಗೈರುಹಾಜರಿ ಹಾಕಿಕೊಂಡು ಮುಂದೆ ಹೋಗುತ್ತಿದ್ದರು. ಕ್ರಮೇಣ ಅವಳು ನಿಜವಾಗಿಯೇ ಹೋಗುವುದನ್ನು ನಿಲ್ಲಿಸಿದಳು. ಕ್ಯಾಂಟೀನಿನ ಹಿಂದೆ ಬೇಳೆ ಆರಿಸುವುದು, ಚಪಾತಿ ಲಟ್ಟಿಸುವುದು ಅವಳ ಪಾಲಿಗೆ ಬಂತು.

"ಹೆದರಬೇಡ ಮಾರಾಯ್ತಿ," ಎಂದ ಚಿಕ್ಕಪ್ಪ. "ಮುಖಕ್ಕೆ ಅರ್ಧ ಇಂಚು ಬಿಳಿ ಬಣ್ಣ. ನಿನ್ನಪ್ಪನಿಗೂ ನಿನ್ನ ಗುರುತು ಸಿಗುವುದಿಲ್ಲ. ಒಂದೇ ಒಂದು ಡೈಲಾಗ್. ಹೆಸರು ಮೂರು ಸಲ ಕರೀತಾರೆ. ಮೂರನೇ ಸಲ ನೀನು 'ಓ, ಬಂದೆ' ಅನ್ನಬೇಕು. ಬಸ್."

ಬಣ್ಣದ ಹಿಂದೆ ನಿಂತು, ಒಂದು ಸಲ, ಜೋರಾಗಿ, ಕರೆದದ್ದಕ್ಕೆ ಓಗೊಡುವುದು. ದಿಶಾ ಆ ವಾರವೆಲ್ಲ ಮಿಕ್ಸರ್ ತಿರುಗುವ ಸದ್ದಿನೊಳಗೆ ಆ ಮಾತನ್ನು ಅಭ್ಯಾಸ ಮಾಡಿದಳು. ಓ, ಬಂದೆ. ಬಾಯಿಯಲ್ಲಿ ಅದು ದಿನದಿಂದ ದಿನಕ್ಕೆ ಸಲೀಸಾಯಿತು. ಹುಟ್ಟಿದ ಮೇಲೆ ಇಷ್ಟು ಆಸೆಪಟ್ಟು ಅವಳು ಏನನ್ನೂ ಕಾದಿರಲಿಲ್ಲ.

ಅದೇ ವಾರ ಅಮ್ಮ ಎರಡು ಸಲ ಕ್ಯಾಂಟೀನಿಗೆ ಬಂದಳು. ನೀರಿನ ಡ್ರಮ್ಮಿನ ಹಿಂದೆ ದೇವದಾಸರ ಜೊತೆ ತಗ್ಗಿದ ದನಿಯಲ್ಲಿ ಮಾತಾಡಿದಳು. ದಿಶಾ ಹಿಟ್ಟಿನ ಕೈಯಲ್ಲಿ ಅತ್ತ ಬಂದಾಗ ಇಬ್ಬರೂ ಮಳೆಯ ಬಗ್ಗೆ ಮಾತಾಡತೊಡಗಿದರು.

ಭಾನುವಾರ ರಬಾಳೆಯಲ್ಲಿ ಕಾರ್ಖಾನೆಗಳ ಸದ್ದಿರುವುದಿಲ್ಲ. ಕ್ಯಾಂಟೀನಿನ ಹಿಂದಿದ್ದ ಖಾಲಿ ಶೆಡ್ಡಿನಲ್ಲಿ ಯೋಗೀಶ್ ಮಂಟಪ ಕಟ್ಟಿಸಿದ್ದ. ತಗಡಿನ ಮಾಡಿನ ಮೇಲೆ ಮಳೆ ಬಡಿಯುತ್ತಿತ್ತು. ಹೊಗೆಗೆಂದು ಸೊಳ್ಳೆಗೆ ಹೊಡೆಯುವ ಮಷೀನು ತರಿಸಿದ್ದರಿಂದ ದೆವ್ವ ಬರುವ ಮೊದಲೇ ಎಲ್ಲರ ಕಣ್ಣಲ್ಲಿ ನೀರು.

ಹೀರೋ ಕೈಲಾಸ ದಿಶಾಳ ಪಕ್ಕದ ಸ್ಟೂಲಿನಲ್ಲಿ ಕೂತು ಮುಖಕ್ಕೆ ಬೂದಿ ಹಚ್ಚಿಸಿಕೊಳ್ಳುತ್ತಿದ್ದ. ಡೊಂಬಿವಲಿಯ ಬಟ್ಟೆ ವ್ಯಾಪಾರಿ ಸಿದ್ದಲಿಂಗಪ್ಪನವರ ಮಗ. ಬಾಯಿ ಬಿಟ್ಟರೆ ಬಿಜಾಪುರ.

"ಏ ತಂಗಿ, ಮಾತಾಡವಾ ಸ್ವಲ್ಪ. ಬಾಜೂಕ ನೀ ಸುಮ್ನ ಕುಂತ್ರ ನನಗ ಖರೇನ ಅಂಜಿಕಿ ಬರತೈತಿ."

ದಿಶಾ ನಕ್ಕಳು. ಬಣ್ಣ ಬಾಯಿಯ ಅಂಚಿನಲ್ಲಿ ಬಿರುಕು ಬಿಟ್ಟಿತು.

"ನಗಬ್ಯಾಡ, ನಗಬ್ಯಾಡ! ನಕ್ಕ ದೆವ್ವ ನಮ್ಮ ಅವ್ವನಂಗ ಕಾಣತೈತಿ." ಅವನು ಕನ್ನಡಿಯಲ್ಲಿ ಅವಳ ಪ್ರತಿಬಿಂಬವನ್ನು ದಿಟ್ಟಿಸಿದ. "ಅಲ್ಲ, ಈ ಬಣ್ಣದಾಗ ನೀ ಯಾರರೇ ಆಗಬಹುದು ನೋಡು. ಯಾರ ಮಗಳೂ ಆಗಬಹುದು."

ಆಚೆ ದೇವದಾಸರು ಯೋಗೀಶನಿಗೆ ಕ್ರಮ ವಿವರಿಸುತ್ತಿದ್ದರು. "ಗಂಡಿನ ಕಡೆಯವರು ತಂದ ಧಾರೆ ಸೀರೆಯನ್ನು ಕೋಣೆಯ ಒಳಗೆ ಇಟ್ಟು ಬಾಗಿಲು ಎಳೆಯಬೇಕು. ಹುಡುಗಿ ಉಟ್ಟುಕೊಳ್ಳಲಿಕ್ಕೆ ಸ್ವಲ್ಪ ಹೊತ್ತು ಕೊಡಬೇಕು. ಆ ಹೊತ್ತಲ್ಲಿ ಯಾರೂ ಒಳಗೆ ಹೋಗಬಾರದು. ಆಮೇಲೆ ಸೀರೆ ತಂದು ಕುರ್ಚಿಯ ಮೇಲೆ ಇಡುವುದು. ಕುರ್ಚಿಯಲ್ಲಿ ಜೀವ ಇದ್ದವರು ಕೂರುವಂತಿಲ್ಲ. ಹೆಸರು ಮೂರು ಸಲ ಕರೆಯುವುದು. ಯಾರೂ ಓಗೊಡುವಂತಿಲ್ಲ."

"ಸೂಪರ್, ಸೂಪರ್. ಮತ್ತೆ?"

"ಅವಳು ಉಂಡ ತಟ್ಟೆಯನ್ನು ಅವಳ ಜೊತೆಗೇ ಗಂಡನ ಮನೆಗೆ ಕಳಿಸುವುದು. ಕಳಿಸಿದ ಮೇಲೆ ಹಿಂದಿನಿಂದ ಹೆಸರು ಹಿಡಿದು ಕೂಗಬಾರದು. ಅಭ್ಯಾಸ ಬಲದಿಂದ ಅವಳು ತಾಯಿಮನೆಗೆ ತಿರುಗಿ ಬರ್ತಾಳೆ. ಊಟ ಕೇಳ್ತಾಳೆ. ಉತ್ತರ ಕೊಡಬಾರದು. ಕೊಟ್ಟರೆ ಅವಳು ಅಲ್ಲೂ ಇಲ್ಲ, ಇಲ್ಲೂ ಇಲ್ಲ. ಎರಡು ಮನೆಯೂ ಹಾಳು."

"ಕ್ಯಾ ಬಾತ್ ಹೈ ದೇವದಾಸಣ್ಣ! ಇದೆಲ್ಲ ಡೈಲಾಗಲ್ಲಿ ಹಾಕುವ. ಆದ್ರೆ ಖಾಲಿ ಕುರ್ಚಿ ತೋರಿಸಿದರೆ ಪಬ್ಲಿಕ್ ಎದ್ದು ಹೋಗ್ತದೆ. ಲಲಿತಾ ಕೂತ್ಕೊಳ್ಳಲೇಬೇಕು."

ದೇವದಾಸರು ಏನೋ ಹೇಳಲು ಬಾಯಿ ತೆರೆದರು. ಅಷ್ಟರಲ್ಲಿ ಯೋಗೀಶ್ ಲೈಟಿನವನನ್ನು ಬೈಯುತ್ತ ಹೋಗಿಯಾಗಿತ್ತು. ಅವನು ಹೇಗೂ ಕೊನೆಗೆ ಖಾಲಿ ಕುರ್ಚಿಯನ್ನೇ ಕ್ಯಾಮೆರಾದಲ್ಲಿ ತೋರಿಸುತ್ತಾನೆ ಎಂದುಕೊಂಡರೋ ಏನೋ, ಅವರು ಸುಮ್ಮನಾದರು.

ಮದುವೆಗೆ ಬಂದ ನೆಂಟರೆಂದು ಇಪ್ಪತ್ತು ಮಂದಿ ಕೂತಿದ್ದರು. ಕ್ಯಾಂಟೀನಿನವರು, ಸಂಘದವರು, ಯೋಗೀಶನ ಗೆಳೆಯರು ಬಣ್ಣಬಣ್ಣದ ಪೇಟ ಸುತ್ತಿಕೊಂಡು ಒಬ್ಬರನ್ನೊಬ್ಬರು ಕೆಣಕುತ್ತಿದ್ದರು. ಗಂಡಿನ ಕಡೆಯ ಸಾಲಿನಲ್ಲಿ ಮಾತ್ರ ನಾಲ್ಕೈದು ಮಂದಿ ನಗುತ್ತಿರಲಿಲ್ಲ. ತೊಳೆದ ಹತ್ತಿಯ ಬಟ್ಟೆ, ಬಣ್ಣ ಹಚ್ಚದ ಮುಖ. ಅವರ ನಡುವೆ ಒಬ್ಬ ಹೆಂಗಸು ಮಡಿಲಲ್ಲಿ ಏನನ್ನೋ ಸೆರಗಿನಿಂದ ಮುಚ್ಚಿ ಹಿಡಿದಿದ್ದರು. ಫೋಟೋದ ಮೂಲೆ ಕಾಣುತ್ತಿತ್ತು. ಕ್ಯಾಮೆರಾ ಇನ್ನೂ ಶುರುವಾಗಿರಲಿಲ್ಲ. ಅವರ ಕಣ್ಣಿಂದ ನೀರು ಇಳಿಯುತ್ತಿತ್ತು. ಸೊಳ್ಳೆ ಹೊಗೆ ಆ ಕಡೆ ಹೋಗಿರಲಿಲ್ಲ.

ಅಮ್ಮ ಹೆಣ್ಣಿನ ಕಡೆಯ ಸಾಲಿನ ತುದಿಯಲ್ಲಿದ್ದಳು. ತನ್ನ ಮದುವೆಯ ಸೀರೆ ಉಟ್ಟಿದ್ದಳು.

ಪರದೆಯ ಹಿಂದೆ ದಿಶಾ ಒಬ್ಬಳೇ ಕಾದಳು. ಯಾರೋ ಒಂದು ಸೀರೆಯನ್ನು ಪರದೆಯ ಕೆಳಗಿನಿಂದ ಒಳಗೆ ತಳ್ಳಿದರು. ಕೆಂಪಂಚಿನ ಬಿಳಿ ಸೀರೆ, ಹೊಸ ಬಟ್ಟೆಯ ಗಂಜಿ ವಾಸನೆ. ಹೊರಗಿನಿಂದ ಯೋಗೀಶ್ ಕೂಗಿದ: "ದಿಶಾ, ಕಾಸ್ಟ್ಯೂಮ್ ಬಂತು, ಬೇಗ ಸುತ್ತಿಕೊ! ಕ್ಯಾಮೆರಾ ರೋಲ್ ಆಗ್ತಾ ಉಂಟು!" ಆಮೇಲೆ ಎಲ್ಲ ಸದ್ದೂ ಒಮ್ಮೆಗೇ ನಿಂತಿತು. ಪೇಟದವರ ಹರಟೆಯೂ ನಿಂತಿತು. ಹೊರಗೆ ಎಲ್ಲರೂ ಯಾರಿಗೋ ಕಾಯುತ್ತಿದ್ದರು. ದಿಶಾ ಆ ಮೌನದಲ್ಲಿ ನೆರಿಗೆ ಹಿಡಿದು ಸೀರೆ ಉಟ್ಟಳು. ಅದು ಅವಳಿಗೆಂದೇ ತಂದ ಹಾಗೆ ಉದ್ದ ಸರಿಯಾಗಿ ಕೂತಿತು.

ಅವಳು ಪರದೆ ಸರಿಸಿ ಹೊರಬಂದಾಗ ಗಂಡಿನ ಕಡೆಯ ಆ ಹೆಂಗಸು ಎದೆಗೆ ಕೈಯಿಟ್ಟುಕೊಂಡರು. ದೇವದಾಸರು ಕೈಯಲ್ಲಿದ್ದ ತಂಬಿಗೆಯನ್ನು ಕೆಳಗಿಟ್ಟರು. ಅವರು ತಿರುಗಿ ಅಮ್ಮನನ್ನು ನೋಡಿದರು. ದಿಶಾ ನಡೆದು ಬಂದು ಕುರ್ಚಿಯಲ್ಲಿ ಕೂತಳು. ಪಕ್ಕದ ಕುರ್ಚಿಯಲ್ಲಿ ಕೈಲಾಸ ಇರಬೇಕಿತ್ತು. ಅಲ್ಲಿ ಒಂದು ಮಡಿಸಿದ ಪಂಚೆ ಮಾತ್ರ ಇತ್ತು. ಕೈಲಾಸ ಬೂದಿ ಮುಖದಲ್ಲಿ ಆಚೆ ನಿಂತು ಕೈ ಅಗಲಿಸಿದ, ನನ್ನನ್ನು ಎಬ್ಬಿಸಿದರು ಎಂಬಂತೆ.

"ನಿಲ್ಲಿಸಬೇಡಿ ದೇವದಾಸಣ್ಣ, ಟೇಕ್ ನಡೀತಾ ಉಂಟು," ಯೋಗೀಶ್ ಪಿಸುಗುಟ್ಟಿದ.

ದೇವದಾಸರು ಇನ್ನೂ ಅಮ್ಮನನ್ನೇ ನೋಡುತ್ತಿದ್ದರು. ಅಮ್ಮ ಒಂದು ಕ್ಷಣ ಕಣ್ಣು ಮುಚ್ಚಿದಳು. ಕಣ್ಣು ತೆರೆದು ತಲೆಯಾಡಿಸಿದಳು: ಮುಂದುವರಿಸಿ.

ದೇವದಾಸರು ಶುರು ಮಾಡಿದರು. ಅದು ಸ್ಕ್ರಿಪ್ಟಿನ ಮಾತಲ್ಲ; ಕ್ಯಾಮೆರಾಕ್ಕೆ ಕಣ್ಣಿಟ್ಟಿದ್ದ ಯೋಗೀಶನಿಗೆ ಮಾತಿನ ಕಡೆ ಗಮನವಿರಲಿಲ್ಲ. ಸ್ಕ್ರಿಪ್ಟಿನಲ್ಲಿ ಲಲಿತಾ ಎಂದಿತ್ತು, ಲಾಸ್ಟ್ ಲೋಕಲ್ ಎಂದಿತ್ತು, ನಗಲು ಜಾಗ ಬಿಟ್ಟಿತ್ತು. ಇವರು ಒಣಗಿದ ದನಿಯಲ್ಲಿ ದಿಶಾಳ ಅಜ್ಜಿಯಿಂದ ಬಂದ ಬಳಿಯ, ಅಂದರೆ ಕುಲದ, ಹೆಸರು ಹೇಳಿದರು, ಊರಲ್ಲಿ ಈಗ ಗೋಡೆಯೂ ಉಳಿಯದ ಕೆಳಗಿನ ಪಡ್ಪು ಮನೆಯ ಹೆಸರು ಹೇಳಿದರು, ಲೀಲಾಧರ ಸುಗಂಧಿಯರ ಹಿರಿಮಗಳು ಎಂದರು. ಗಂಡಿನ ಹೆಸರು ಬಂದಾಗ ಅವರ ಸ್ವರ ಒಡೆಯಿತು. ಧರ್ಮಪಾಲ.

ದಿಶಾಳಿಗೆ ಹೊಳೆಯಿತು. ಇದು ಶೂಟಿಂಗಲ್ಲ. ಅಪ್ಪ ಬೇಡವೆಂದದ್ದನ್ನು ಅಮ್ಮ ಅಪ್ಪನ ಕಣ್ಣೆದುರೇ, ಚಿಕ್ಕಪ್ಪನ ಕ್ಯಾಮೆರಾದೊಳಗೆ ಮುಚ್ಚಿಟ್ಟು ಮಾಡಿಸುತ್ತಿದ್ದಾಳೆ. ತಾನು ಕೂತಿರುವುದು ಖಾಲಿ ಇರಬೇಕಾದ ಕುರ್ಚಿ. ಎದ್ದುಬಿಡಬೇಕು, ಈಗಲೇ.

"ಮೋಹಿನಿ," ಎಂದು ಕರೆದರು ದೇವದಾಸರು.

ದಿಶಾ ಏಳಲೆಂದು ತಲೆಯೆತ್ತಿದಳು. ಅಮ್ಮ ಅವಳನ್ನು ನೋಡುತ್ತಿದ್ದಳು. ಹುಬ್ಬಿನ ಗಂಟು ಬಿಚ್ಚಿತ್ತು, ತುಟಿ ಸಡಿಲವಾಗಿತ್ತು. ಮೂಲೆಯ ಎಲೆಯನ್ನು ನೋಡುವ ಮುಖ. ಇಷ್ಟು ವರ್ಷ ಬಾಗಿಲ ಸಂದಿಯಿಂದ ಕದ್ದು ನೋಡಿದ್ದ ಆ ಮುಖ ಈಗ ನೇರವಾಗಿ ಅವಳ ಮೇಲಿತ್ತು.

"ಮೋಹಿನಿ."

ಮಾಡಿನ ಮೇಲೆ ಮಳೆ. ಯಾರೋ ಕೆಮ್ಮನ್ನು ಒತ್ತಿ ಹಿಡಿದರು. ದಿಶಾ ಏಳಲಿಲ್ಲ.

"ಮೋಹಿನಿ."

"ಓ," ಎಂದಳು ದಿಶಾ. ಸ್ವರ ಸ್ವಚ್ಛವಾಗಿ, ಗಟ್ಟಿಯಾಗಿ, ತಗಡಿಗೆ ಬಡಿದು ಹಿಂದಿರುಗುವಷ್ಟು ಜೋರಾಗಿ ಬಂತು. "ಬಂದೆ."

"ಕಟ್! ಕಟ್! ಆಯ್ತು, ಒಂದೇ ಟೇಕ್!" ಯೋಗೀಶ್ ಕುಣಿದ. ಪೇಟದವರು ಸಿಳ್ಳೆ ಹೊಡೆದರು. ಹಿಂದೆ ಕುರ್ಚಿಯಲ್ಲಿ ತೂಕಡಿಸುತ್ತಿದ್ದ ಅಪ್ಪ ಎಚ್ಚತ್ತು ಚಪ್ಪಾಳೆ ತಟ್ಟಿದ. ಗಂಡಿನ ಕಡೆಯವರು ಮಾತ್ರ ಗಡಿಬಿಡಿಯಿಂದ ಎದ್ದು ನಿಂತರು. ದೇವದಾಸರು ಯಾರ ಮುಖವನ್ನೂ ನೋಡದೆ ಮಳೆಗೆ ಇಳಿದರು.

ಬಣ್ಣ ತೆಗೆಯುವ ಜಾಗಕ್ಕೆ ಫೋಟೋ ಹಿಡಿದಿದ್ದ ಹೆಂಗಸು ಬಂದರು. ದೇವದಾಸರ ಹೆಂಡತಿ ವಾರಿಜಕ್ಕ. ದಿಶಾ ಬಿಚ್ಚಿಕೊಟ್ಟ ಸೀರೆಯನ್ನು ಕೊಡವದೆ, ಅದರಲ್ಲಿ ಏನೋ ಇದೆ ಎಂಬಂತೆ, ನಿಧಾನವಾಗಿ ಮಡಿಸಿದರು. ಅಮ್ಮ ತನ್ನ ಚೀಲದಿಂದ ಬಟ್ಟೆ ಸುತ್ತಿದ ಒಂದು ತಟ್ಟೆ ತೆಗೆದು ಅವರ ಕೈಗಿಟ್ಟಳು. ಬಟ್ಟೆಯ ಸಂದಿಯಲ್ಲಿ ಅಂಚು ಕಂಡಿತು. ಸೊಂಟ ಮುರಿದು ವಾಲಿದ ಒಂದು ಅಕ್ಷರ.

"ಅಮ್ಮ, ಅದು ನನ್ನದು," ಎಂದಳು ದಿಶಾ.

"ಅವಳಿಗೆ ತಟ್ಟೆಯೇ ಇರಲಿಲ್ಲ," ಎಂದಳು ಅಮ್ಮ, ಅವಳ ಕಡೆ ತಿರುಗದೆ. "ನನ್ನ ಕೈಯಲ್ಲೇ ಉಂಡಳು. ಖಾಲಿ ಕೈಯಲ್ಲಿ ಹೇಗೆ ಕಳಿಸುವುದು?"

ವಾರಿಜಕ್ಕ ಸೀರೆ ಮತ್ತು ತಟ್ಟೆಯನ್ನು ಎದೆಗೆ ಅವಚಿಕೊಂಡರು. "ಬಲ ಮಗಾ," ಎಂದರು. ಬಾ ಮಗು. ಹಾಗೆ ಹೇಳುವಾಗ ಅವರು ಸೀರೆಯನ್ನು ನೋಡುತ್ತಿದ್ದರೋ ದಿಶಾಳನ್ನೋ, ಹೊಗೆಯಲ್ಲಿ ತಿಳಿಯಲಿಲ್ಲ.

ಆ ದಿನ ಮನೆಗೆ ಬಂದು ಎಷ್ಟು ತಿಕ್ಕಿದರೂ ಹಣೆಯ ಕೂದಲಂಚಿನ ಬಿಳಿ ಬಣ್ಣ ಹೋಗಲಿಲ್ಲ. ಅಮ್ಮ ಆ ರಾತ್ರಿಯಿಂದ ಅವಳನ್ನು ಹೆಸರು ಹಿಡಿದು ಕರೆಯಲಿಲ್ಲ. ಊಟಕ್ಕೆ ಒಂದು ಬೋಗುಣಿಯಲ್ಲಿ ಅನ್ನ ಹಾಕಿ ಕಟ್ಟೆಯ ಮೇಲಿಟ್ಟು ಹೊರಟುಹೋಗುತ್ತಿದ್ದಳು. ಕ್ಯಾಂಟೀನಿನ ಗಲ್ಲಾದಲ್ಲಿ ದೇವದಾಸರ ಕುರ್ಚಿ ಖಾಲಿ ಉಳಿಯಿತು. ಹುಷಾರಿಲ್ಲವಂತೆ, ಎಂದ ಅಪ್ಪ.

ಯೋಗೀಶ್ ಮೂರು ದಿನ ಲ್ಯಾಪ್‌ಟಾಪಿನ ಮುಂದೆ ಕೂತು ಎಡಿಟ್ ಮಾಡಿದ. ಮೊದಲ ದಿನ ನಗುತ್ತಿದ್ದ. ಮರುದಿನ ಇಯರ್‌ಫೋನ್ ಬದಲಿಸಿದ. ಮೂರನೇ ದಿನ ದಿಶಾ ಚಹಾ ತೆಗೆದುಕೊಂಡು ಹೋದಾಗ ಪರದೆಯ ಮೇಲೆ ಅವಳದೇ ಬಿಳಿ ಮುಖವಿತ್ತು. ಬಾಯಿ ತೆರೆದು ಮುಚ್ಚಿತು. ಮಳೆ ಕೇಳಿಸುತ್ತಿತ್ತು. ದೇವದಾಸರು ಮೂರು ಸಲ ಕರೆದದ್ದು ಕೇಳಿಸುತ್ತಿತ್ತು. ಯಾರೋ ಒತ್ತಿ ಹಿಡಿದ ಕೆಮ್ಮೂ ಕೇಳಿಸುತ್ತಿತ್ತು. ಅವಳ ಮಾತು ಮಾತ್ರ ಇರಲಿಲ್ಲ. ಆ ಜಾಗದಲ್ಲಿ ಏನೂ ಇರಲಿಲ್ಲ.

"ಮೈಕಿನ ಪ್ರಾಬ್ಲೆಮ್," ಎಂದ ಯೋಗೀಶ್ ತನಗೆ ತಾನೇ.

"ನಾನು ಇನ್ನೊಮ್ಮೆ ಹೇಳಲಾ ಚಿಕ್ಕಪ್ಪ?" ಎಂದು ಕೇಳಿದಳು ದಿಶಾ.

ಅವನು ಲ್ಯಾಪ್‌ಟಾಪನ್ನು ಮೆಲ್ಲಗೆ ಮುಚ್ಚಿದ. ಚಹಾ ಮುಟ್ಟಲಿಲ್ಲ.

ಶುಕ್ರವಾರ ವಾರಿಜಕ್ಕನ ಫೋನು ಬಂತು. ಅಮ್ಮನ ಕೈಯೆಲ್ಲ ದೋಸೆ ಹಿಟ್ಟಾದ್ದರಿಂದ ಸ್ಪೀಕರ್ ಹಾಕಿ ಕಟ್ಟೆಯ ಮೇಲಿಟ್ಟಳು. ಅಪ್ಪನೂ ಯೋಗೀಶನೂ ಹೊರಕೋಣೆಯಲ್ಲಿದ್ದರು. ದಿಶಾ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು.

"ಸೊಸೆ ಬಂದಿದ್ದಾಳೆ ಸುಗಂಧಿ," ವಾರಿಜಕ್ಕನ ಸ್ವರದಲ್ಲಿ ಎಷ್ಟೋ ಕಾಲದ ಮೇಲೆ ಹಗುರತನವಿತ್ತು. "ನಮ್ಮ ಮನೆ ತುಂಬಿತು. ನಾಚಿಕೆಯ ಹುಡುಗಿ. ಸದ್ದೇ ಇಲ್ಲ. ಬೆಳಿಗ್ಗೆ ಎದ್ದು ನೋಡಿದರೆ ತಟ್ಟೆಗಳನ್ನೆಲ್ಲ ಒರೆಸಿ ನೆಲದ ಮೇಲೆ ಸಾಲಾಗಿ ಇಟ್ಟಿರ್ತಾಳೆ."

ಅಮ್ಮನ ಕೈ ಹಿಟ್ಟಿನ ಪಾತ್ರೆಯಲ್ಲಿ ನಿಂತಿತು.

"ಮೋಹಿನಿ ಅಂತ ಎಷ್ಟೋ ಸಲ ಕರೆದೆ. ಏನೂ ಇಲ್ಲ. ಮತ್ತೆ ತಟ್ಟೆಯ ಅಂಚಲ್ಲಿ ಹೆಸರು ಕಂಡಿತು. ಮನೆಯಲ್ಲಿ ಕರೆಯುವ ಹೆಸರು ಇರಬೇಕು ಅಂದುಕೊಂಡು ದಿಶಾ ಅಂತ ಕರೆದೆ. ಒಳಗೆ ಬಟ್ಟೆಯಿಂದ ಒರೆಸುವ ಸದ್ದು ಕೇಳ್ತಿತ್ತು ನೋಡು, ಅದು ತಟ್ಟನೆ ನಿಂತಿತು. ಯಾರೋ ಕಿವಿಗೊಟ್ಟ ಹಾಗೆ. ಇವರಿಗೆ ಹೇಳಿದರೆ ಗೋಡೆಗೆ ಮುಖ ಮಾಡಿ ಮಲಗಿದ್ದಾರೆ, ಮಾತೇ ಇಲ್ಲ. ಇರಲಿ ಬಿಡು. ಚೆಂದದ ಹೆಸರು."

ಅಡುಗೆಮನೆಯಲ್ಲಿ ನಲ್ಲಿಯ ಹನಿ ಬಿತ್ತು. ಅಮ್ಮ ನಿಧಾನವಾಗಿ ತಲೆಯೆತ್ತಿದಳು. ಬಾಗಿಲಲ್ಲಿ ನಿಂತಿದ್ದವಳ ಮೇಲೆ ಕಣ್ಣು ಹಾಯಿಸಿ, ಅಲ್ಲಿ ನಿಲ್ಲಿಸದೆ, ಅವಳ ಹಿಂದೆ ಹೊರಕೋಣೆಯ ಮೂಲೆಯನ್ನು ನೋಡಿದಳು.

"ಹಾಗಾದರೆ ನನ್ನ ದೊಡ್ಡವಳು ಎಲ್ಲಿಗೂ ಹೋಗಲಿಲ್ಲ," ಎಂದಳು, ಬಹಳ ಮೆಲ್ಲಗೆ. ಆಮೇಲೆ ಫೋನಿನ ಕಡೆ ಬಾಗಿದಳು. "ಅವಳನ್ನು ಚೆನ್ನಾಗಿ ನೋಡಿಕೊಳ್ಳಿ ಅಕ್ಕ. ಅವಳಿಗೆ ಮಾತಾಡಲಿಕ್ಕೆ ಹೆದರಿಕೆ."

ಆ ದಿನ ಬಾಗಿಲು ಹಾಕಿಕೊಂಡು ದೊಡ್ಡವರು ಮೂವರೂ ಮಾತಾಡಿದರು. ಹುಚ್ಚು, ಹುಚ್ಚು, ಎಂದು ಅಪ್ಪ ಅಂದದ್ದು ಗೋಡೆಯಾಚೆಗೆ ಕೇಳಿಸಿತು. ಆಮೇಲೆ ಯೋಗೀಶ್ ಲ್ಯಾಪ್‌ಟಾಪ್ ತೆರೆದ ಸದ್ದು. ಮಳೆಯ ಸದ್ದು, ಮೂರು ಸಲ ಹೆಸರು, ಒಂದು ಕೆಮ್ಮು. ಅದಾದ ಮೇಲೆ ಅಪ್ಪನ ಸ್ವರ ಕೇಳಿಸಲಿಲ್ಲ. ಕೊನೆಗೆ ಅಮ್ಮ ಅಂದಳು: "ಬಂದು ಕೇಳಿದರೆ ಯಾರೂ ಉತ್ತರ ಕೊಡಬಾರದು. ಎರಡು ಮನೆಯ ಪ್ರಶ್ನೆ."

ಮರುದಿನ ಕಟ್ಟೆಯ ಮೇಲೆ ಬೋಗುಣಿ ಇರಲಿಲ್ಲ. ದಿಶಾ ಡಬ್ಬಿಯಿಂದ ಬಿಸ್ಕತ್ತು ತೆಗೆದು ತಿಂದಳು. ಅಪ್ಪನ ಎದುರು ಹೋಗಿ ನಿಂತಳು. ಅವನು ಟಿವಿಯ ಸ್ವರ ಏರಿಸಿದ. ಲಿಫ್ಟಿನಲ್ಲಿ ಮೂರನೇ ಮಹಡಿಯ ಹೆಂಗಸು ಅವಳನ್ನು ನೋಡಿ ಎಂದಿನಂತೆ ಹುಬ್ಬು ಏರಿಸಿ ನಕ್ಕಾಗ ಅವಳಿಗೆ ಅಳು ಬಂತು. ಏನಾದರೂ ಹೇಳಬೇಕೆಂದು ಬಾಯಿ ತೆರೆದಳು. ಹಾಜರಿಯ ದಿನಗಳ ಹಾಗೆ ಏನೂ ಹೊರಡಲಿಲ್ಲ.

ಭಾನುವಾರ ಮಧ್ಯಾಹ್ನ. ಆಟಿಯ ಕೊನೆಯ ಭಾನುವಾರ. ಮನೆಯಲ್ಲಿ ಮಾತಿರಲಿಲ್ಲ. ಈ ಸಲ ಅಮ್ಮನೇ ತಟ್ಟೆ ಒರೆಸಿದಳು. ಲೀಲಾಧರ, ಯೋಗೀಶ್, ಸುಗಂಧಿ. ಮೂರನ್ನು ಸಾಲಾಗಿ ಇಟ್ಟಳು. ಆಮೇಲೆ ಮೂಲೆಗೆ ಹೋಗಿ, ಹೊಸ ಬಾಳೆಲೆ ಹಾಸಿ, ನೀರು ಚಿಮುಕಿಸಿ, ಪಾಯಸ ಬಡಿಸಿದಳು. ಅವಳ ಮುಖ ಸಡಿಲವಾಗಿತ್ತು. ಇಷ್ಟು ವರ್ಷ ಆ ಮುಖದಲ್ಲಿದ್ದ ಬೀಳ್ಕೊಡುವ ಸಂಕಟ ಈಗ ಇರಲಿಲ್ಲ. ಉಳಿದುಕೊಂಡ ಮಗಳಿಗೆ ಬಡಿಸುವ ತಾಯಿಯ ಹಾಗೆ ಅವಳು ಎಲೆಗೆ ಇನ್ನೊಂದು ಸೌಟು ಹಾಕಿದಳು.

ಅಪ್ಪ ಬಂದು ಕೂತ. ಯೋಗೀಶ್ ಕೂತ. ಅಮ್ಮ ಅವರಿಗೆ ಬಡಿಸಿ ತಾನೂ ಕೂತಳು. ದಿಶಾ ತನ್ನ ಎಂದಿನ ಜಾಗದಲ್ಲಿ, ಯೋಗೀಶನ ಪಕ್ಕ, ಬರೀ ನೆಲದ ಮುಂದೆ ಚಕ್ಕಳಮಕ್ಕಳ ಹಾಕಿ ಕೂತಳು. ಯೋಗೀಶ್ ಮೊಣಕಾಲನ್ನು ಒಂದಿಷ್ಟು ಆಚೆ ಎಳೆದುಕೊಂಡ. ತಲೆ ಎತ್ತಲಿಲ್ಲ. ಅಪ್ಪನ ತುತ್ತು ಬಾಯಿಯ ಹತ್ತಿರ ಹೋಗಿ, ನಿಂತು, ಮತ್ತೆ ಒಳಗೆ ಹೋಯಿತು. ಅನ್ನದ ಬಿಸಿ ಹಬೆ ಅವಳ ಮುಖಕ್ಕೆ ತಾಗುತ್ತಿತ್ತು. ಹೊಟ್ಟೆ ಹಸಿದಿತ್ತು.

ಅವಳು ನೆಲದ ಮೇಲೆ ಬೆರಳಿಟ್ಟು, ತಟ್ಟೆ ಇರಬೇಕಾದ ಕಡೆ, ವಾಲಿದ ಆ ಅಕ್ಷರವನ್ನು ಒಮ್ಮೆ ಬರೆದಳು. ಉಸಿರು ಎಳೆದುಕೊಂಡಳು. ಶೆಡ್ಡಿನಲ್ಲಿ ಬಂದಷ್ಟೇ ಸ್ಪಷ್ಟವಾಗಿ ಸ್ವರ ಬಂತು, ಅವಳಿಗಾದರೂ ಹಾಗೆ ಕೇಳಿಸಿತು.

"ಅಮ್ಮ, ನನಗೂ ಒಂದು ತಟ್ಟೆ ಇಡು."